ಡೊರೊತಿ ಎಲ್. ಸೇಯರ್ಸ್ ಮತ್ತು ಪತ್ತೇದಾರಿ ಕಥನದ ಮೀಮಾಂಸೆ

ಇಂಗ್ಲೆಂಡಿನ ಡೊರೊತಿ ಎಲ್. ಸೇಯರ್ಸ್ (1893-1957) ಲಾರ್ಡ್ ಪೀಟರ್ ವಿಮ್ಸಿ ಎಂಬ ಪತ್ತೇದಾರನನ್ನು ಸೃಷ್ಟಿಸಿದ ಕಾದಂಬರಿಕಾರ್ತಿಯಾಗಿ ಪ್ರಸಿದ್ಧಳು. ಆದರೆ ಪತ್ತೇದಾರಿ ಕಥನದ ಚರಿತ್ರೆಯನ್ನೂ ಲಕ್ಷಣವನ್ನೂ ವಿದ್ವತ್ತಿನ ಶಿಸ್ತಿನಿಂದ ನಿರೂಪಿಸಿದವಳು, ಅನಂತರ ತಾನು ಹೇಳಿದ ಲಕ್ಷಣವನ್ನು ತನ್ನ ಕೃತಿಗಳಲ್ಲೇ ಮೀರಿ ನೋಡಿದವಳು ಎಂಬ ಸಂಗತಿ ನಮ್ಮಲ್ಲಿ ಅಷ್ಟಾಗಿ ಚರ್ಚೆಗೆ ಬಂದಿಲ್ಲ. ಈ ದೃಷ್ಟಿಯಿಂದ ಆಕೆಯ ಬದುಕನ್ನು ಪರಿಶೀಲಿಸುವುದು ಪ್ರಸ್ತುತ ಲೇಖನದ ಉದ್ದೇಶ.

ಸೇಯರ್ಸ್ ಹುಟ್ಟಿದ್ದು 1893ರ ಜೂನ್ 13ರಂದು, ಆಕ್ಸ್‌ಫರ್ಡ್‌ನಲ್ಲಿ. ತಂದೆ ಪಾದ್ರಿ, ಕ್ರೈಸ್ಟ್ ಚರ್ಚ್‌ನ ಗಾಯಕ ಬಾಲಕರ ಶಾಲೆಯ ಮುಖ್ಯೋಪಾಧ್ಯಾಯರಾಗಿದ್ದವರು. ಆರೇಳು ವರ್ಷದ ಮಗಳಿಗೆ ಅವರೇ ಲ್ಯಾಟಿನ್ ಕಲಿಸತೊಡಗಿದರು. ಕುಟುಂಬವು ಮುಂದೆ ಪೂರ್ವ ಇಂಗ್ಲೆಂಡಿನ ಜೌಗು ಬಯಲಿಗೆ ಹೋಗಿ ನೆಲೆಸಿತು. 1934ರ ‘ದಿ ನೈನ್ ಟೇಲರ್ಸ್’ ಕಾದಂಬರಿಯಲ್ಲಿ ಬರುವುದು ಅದೇ ನೆಲ, ಅದೇ ನೀರು. 1912ರಲ್ಲಿ ಆಕೆ ವಿದ್ಯಾರ್ಥಿವೇತನ ಪಡೆದು ಸಾಮರ್‌ವಿಲ್ ಕಾಲೇಜನ್ನು ಸೇರಿ, 1915ರಲ್ಲಿ ಆಧುನಿಕ ಭಾಷೆಗಳಲ್ಲಿ ಪ್ರಥಮ ದರ್ಜೆಯಲ್ಲಿ ತೇರ್ಗಡೆಯಾದಳು. ಆದರೆ ಆ ವಿಶ್ವವಿದ್ಯಾಲಯ ಅಂದು ಮಹಿಳೆಯರಿಗೆ ಪದವಿ ನೀಡುತ್ತಿರಲಿಲ್ಲ. 1920ರಲ್ಲಿ ಆ ನಿರ್ಬಂಧ ತೆರವಾದಾಗ ಪದವಿ ಪಡೆದ ಮೊದಲ ಮಹಿಳೆಯರಲ್ಲಿ ಸೇಯರ್ಸ್ ಒಬ್ಬಳು. ಮಧ್ಯಯುಗದ ಫ್ರೆಂಚ್ ಸಾಹಿತ್ಯದಲ್ಲಿ ಪಡೆದ ಈ ತರಬೇತಿಯ ಗುರುತು ಆಕೆಯ ವಿಮರ್ಶೆಯ ಮೇಲೆ ಕೊನೆಯವರೆಗೂ ಉಳಿಯಿತು.

ವಿದ್ವತ್ತು ಅನ್ನ ಕೊಡಲಿಲ್ಲ. ಪ್ರಕಾಶನ ಸಂಸ್ಥೆಯಲ್ಲಿ, ಶಾಲೆಗಳಲ್ಲಿ ದುಡಿದ ಆಕೆ 1922ರಲ್ಲಿ ಲಂಡನ್ನಿನ ಬೆನ್ಸನ್ ಜಾಹೀರಾತು ಸಂಸ್ಥೆಯಲ್ಲಿ ಬರಹಗಾರ್ತಿಯಾಗಿ ಸೇರಿದಳು. ಮೊದಲ ಕಾದಂಬರಿ ‘ಹೂಸ್ ಬಾಡಿ’ 1923ರಲ್ಲಿ ಪ್ರಕಟವಾಯಿತು. 1924ರ ಜನವರಿಯಲ್ಲಿ ಆಕೆ ವಿವಾಹಬಾಹಿರವಾಗಿ ಒಂದು ಗಂಡುಮಗುವಿಗೆ ಜನ್ಮವಿತ್ತಳು. ತಂದೆತಾಯಿಗೂ ಈ ವಿಷಯ ತಿಳಿಯಲಿಲ್ಲ. ಮಗುವನ್ನು ಸೋದರ ಸಂಬಂಧಿಯೊಬ್ಬಳ ಆರೈಕೆಗೆ ಒಪ್ಪಿಸಿ, ಖರ್ಚನ್ನು ತಾನೇ ಭರಿಸುತ್ತ ಆಕೆ ಕೆಲಸಕ್ಕೆ ಮರಳಿದಳು. 1926ರಲ್ಲಿ ಪತ್ರಕರ್ತ ಮ್ಯಾಕ್ ಫ್ಲೆಮಿಂಗ್‌ನನ್ನು ವಿವಾಹವಾದ ಮೇಲೂ ಮಗ ತಾಯಿಯ ಮನೆಯಲ್ಲಿ ಬೆಳೆಯಲಿಲ್ಲ.

ವಿಮರ್ಶಕಿಯಾಗಿ ಸೇಯರ್ಸ್ ನೆಲೆಗೊಂಡದ್ದು 1928ರಲ್ಲಿ. ಆ ವರ್ಷ ಗೊಲಾಂಜ್ ಸಂಸ್ಥೆಗಾಗಿ ಆಕೆ ಪತ್ತೇದಾರಿ, ನಿಗೂಢ ಹಾಗೂ ಭಯಾನಕ ಕಥೆಗಳ ಬೃಹತ್ ಸಂಕಲನವೊಂದನ್ನು ಸಂಪಾದಿಸಿದಳು. ಅಮೆರಿಕದಲ್ಲಿ ಅದು ‘ದಿ ಆಮ್ನಿಬಸ್ ಆಫ್ ಕ್ರೈಮ್’ ಎಂಬ ಹೆಸರಿನಿಂದ ಪ್ರಕಟವಾಯಿತು. ಅದರ ದೀರ್ಘ ಪ್ರಸ್ತಾವನೆಯನ್ನು ಈ ಪ್ರಕಾರದ ಮೊದಲ ಗಂಭೀರ ಚರಿತ್ರೆಗಳಲ್ಲೊಂದೆಂದು ಧಾರಾಳವಾಗಿ ಹೇಳಬಹುದು. ಪತ್ತೇದಾರಿಯ ಬೀಜರೂಪಗಳನ್ನು ಆಕೆ ಬೈಬಲ್ಲಿಗೆ ಸೇರಿದ ಅಪಾಕ್ರಿಫಾದ ಕಥೆಗಳಲ್ಲಿ, ಹೆರೊಡೋಟಸ್‌ನಲ್ಲಿ, ವರ್ಜಿಲ್‌ನ ಮಹಾಕಾವ್ಯದಲ್ಲಿ ಗುರುತಿಸುತ್ತಾಳೆ. ಎಡ್ಗರ್ ಅಲನ್ ಪೋನಿಂದ ಒಂದೆಡೆ ಶುದ್ಧ ತರ್ಕದ ಕಥೆಯೂ ಇನ್ನೊಂದೆಡೆ ರೋಮಾಂಚಕ ಕಥೆಯೂ ಕವಲೊಡೆದುದನ್ನು ತೋರಿಸಿ, ವಿಲ್ಕಿ ಕಾಲಿನ್ಸ್‌ನ ‘ದಿ ಮೂನ್‌ಸ್ಟೋನ್’ (1868) ಕೃತಿಗೆ ಅತ್ಯುನ್ನತ ಸ್ಥಾನ ನೀಡುತ್ತಾಳೆ.

ಆದರೆ ಪ್ರಸ್ತಾವನೆಯ ನಿಜವಾದ ಸತ್ವವಿರುವುದು ಕಥನದೃಷ್ಟಿಯ ವಿಶ್ಲೇಷಣೆಯಲ್ಲಿ. ಪತ್ತೇದಾರ ಕಂಡದ್ದನ್ನು ಓದುಗನೂ ಕಾಣಬೇಕು, ಅದರಿಂದ ಆತ ಊಹಿಸಿದ್ದನ್ನು ಮಾತ್ರ ಕಾಣಬಾರದು. ಈ ಇಕ್ಕಟ್ಟಿನಿಂದ ಪಾರಾಗಲು ಲೇಖಕ ಎಲ್ಲಿ ನಿಂತು ಕಥೆ ಹೇಳಬೇಕು? ವಾಟ್ಸನ್‌ನಂಥ ನಿರೂಪಕನ ಉಪಯೋಗವೇನು, ಒಂದೇ ಕೃತಿಯೊಳಗೆ ನಿರೂಪಣೆ ಪತ್ತೇದಾರನ ಮನಸ್ಸಿಗೆ ಹೇಗೆ ಹತ್ತಿರವಾಗಿ ಮತ್ತೆ ದೂರ ಸರಿಯುತ್ತದೆ ಎಂಬುದನ್ನು ಇ. ಸಿ. ಬೆಂಟ್ಲಿಯ ‘ಟ್ರೆಂಟ್ಸ್ ಲಾಸ್ಟ್ ಕೇಸ್’ (1913) ಕಾದಂಬರಿಯ ಆಧಾರದಿಂದ ಆಕೆ ಬಿಡಿಸಿ ತೋರಿಸುತ್ತಾಳೆ. ನಿರೂಪಣಶಾಸ್ತ್ರ ಎಂಬ ಹೆಸರು ಹುಟ್ಟುವುದಕ್ಕೂ ಹಲವು ದಶಕಗಳ ಹಿಂದಿನ ಮಾತಿದು.

ಇದೇ ಪ್ರಸ್ತಾವನೆಯಲ್ಲಿ ಸೇಯರ್ಸ್ ಎರಡು ಮಿತಿಗಳನ್ನೂ ಹೇಳಿದಳು. ಪತ್ತೇದಾರಿ ಕಥೆ ಅಪರಾಧವನ್ನು ಹೊರಗಿನಿಂದ ನೋಡುವುದರಿಂದ ಸಾಹಿತ್ಯದ ಪರಮೋಚ್ಚ ಶಿಖರವನ್ನು ಅದು ಮುಟ್ಟಲಾರದು ಎಂಬುದು ಒಂದು. ಪ್ರೇಮಪ್ರಸಂಗ ಸಾಮಾನ್ಯವಾಗಿ ಅದರ ಕಾಲಿಗೆ ತೊಡಕು ಎಂಬುದು ಇನ್ನೊಂದು. ತಂತ್ರಗಳೆಲ್ಲ ಓದುಗರಿಗೆ ತಿಳಿದುಹೋದ ದಿನ ಈ ಪ್ರಕಾರ ಸಾಮಾಜಿಕ ಕಾದಂಬರಿಯ ಹತ್ತಿರ ಸರಿಯಬೇಕಾದೀತು ಎಂದೂ ಆಕೆ ಊಹಿಸಿದ್ದಳು. ಈ ಊಹೆಯೇ ಮುಂದೆ ಆಕೆಯನ್ನು ಕಾಡಿತು.

1930ರಲ್ಲಿ ಲೇಖಕರು ಕೂಡಿ ಡಿಟೆಕ್ಷನ್ ಕ್ಲಬ್ ಸ್ಥಾಪಿಸಿದರು. ಚೆಸ್ಟರ್‌ಟನ್ ಅದರ ಮೊದಲ ಅಧ್ಯಕ್ಷ. ದೈವಪ್ರೇರಣೆ, ಕಾಕತಾಳೀಯಗಳನ್ನು ನೆಚ್ಚದಿರುವುದು, ಮುಖ್ಯ ಸುಳಿವನ್ನು ಓದುಗನಿಂದ ಬಚ್ಚಿಡದಿರುವುದು ಸದಸ್ಯರು ಮಾಡಬೇಕಾದ ಪ್ರತಿಜ್ಞೆಯ ಭಾಗ. ಮನೆಯ ಗುಟ್ಟನ್ನು ಅಷ್ಟು ಜತನವಾಗಿ ಕಾಯ್ದವಳು ಕಥೆಯ ಗುಟ್ಟಿನಲ್ಲಿ ಈ ಬಗೆಯ ಪ್ರಾಮಾಣಿಕತೆಯನ್ನು ಬಯಸಿದ್ದು ವಿಚಿತ್ರವೆನಿಸಬಹುದು. ಆದರೆ ಇದರಿಂದ ಮನೋವೈಜ್ಞಾನಿಕ ತೀರ್ಮಾನ ತೆಗೆಯುವುದು ಉಚಿತವಲ್ಲ. 1933ರಿಂದ 1935ರವರೆಗೆ ‘ಸಂಡೇ ಟೈಮ್ಸ್’ ಪತ್ರಿಕೆಯಲ್ಲಿ ಆಕೆ ಮುನ್ನೂರಕ್ಕೂ ಮಿಕ್ಕಿ ಅಪರಾಧ ಕೃತಿಗಳನ್ನು ವಿಮರ್ಶಿಸಿದಳು.

1935ರ ಮಾರ್ಚಿನಲ್ಲಿ ಆಕ್ಸ್‌ಫರ್ಡ್‌ನಲ್ಲಿ ಅರಿಸ್ಟಾಟಲ್ ಮತ್ತು ಪತ್ತೇದಾರಿ ಕಥೆಯನ್ನು ಕುರಿತು ನೀಡಿದ ಉಪನ್ಯಾಸ ಕಾವ್ಯಮೀಮಾಂಸೆಯ ವಿದ್ಯಾರ್ಥಿಗಳು ಅವಶ್ಯವಾಗಿ ಗಮನಿಸಬೇಕಾದುದು. ಅರಿಸ್ಟಾಟಲ್ ನಿಜಕ್ಕೂ ಬಯಸುತ್ತಿದ್ದುದು ಒಳ್ಳೆಯ ಪತ್ತೇದಾರಿ ಕಥೆಯನ್ನು. ಅದಿನ್ನೂ ಹುಟ್ಟಿರದ ಕಾರಣ ಆತ ದುರಂತನಾಟಕವನ್ನು ಹಿಡಿದುಕೊಂಡ ಎಂಬುದು ಅಲ್ಲಿನ ವಿನೋದದ ವಾದ. ವಿನೋದದ ಒಳಗೆ ತಿರುಳಿದೆ. ಪಾತ್ರಕ್ಕಿಂತ ವಸ್ತುವಿನ್ಯಾಸ ಮುಖ್ಯ ಎಂಬ ತತ್ವ, ಸ್ಥಿತಿವಿಪರ್ಯಯ, ಅಭಿಜ್ಞಾನ, ಇವೆಲ್ಲ ಈ ಪ್ರಕಾರಕ್ಕೆ ಸಹಜವಾಗಿ ಹೊಂದುತ್ತವೆ. ಸುಳ್ಳನ್ನು ಸರಿಯಾಗಿ ಹೇಳುವ ವಿದ್ಯೆಯನ್ನು ಹೋಮರ್ ಕಲಿಸಿದನೆಂಬ ಅರಿಸ್ಟಾಟಲನ ಮಾತನ್ನು ಹಿಡಿದು, ಲೇಖಕ ಸತ್ಯವನ್ನಷ್ಟೇ ನುಡಿಯುತ್ತ ಓದುಗನೇ ತಪ್ಪು ತೀರ್ಮಾನಕ್ಕೆ ಬರುವಂತೆ ಮಾಡಬೇಕು ಎಂದು ಸೇಯರ್ಸ್ ವಿವರಿಸುತ್ತಾಳೆ. ಓದುಗನ ಮನಸ್ಸಿನಲ್ಲೇ ಹೇತ್ವಾಭಾಸವನ್ನು ಹುಟ್ಟಿಸುವ ಕಲೆಯಿದು ಎಂದರೆ ನಮ್ಮ ತರ್ಕಶಾಸ್ತ್ರದ ಪರಿಭಾಷೆಗೆ ಸಲ್ಲುತ್ತದೆ.

ಅದೇ ವರ್ಷ ‘ಗಾಡಿ ನೈಟ್’ ಪ್ರಕಟವಾಯಿತು. ಹಿಂದೆ ‘ಸ್ಟ್ರಾಂಗ್ ಪಾಯ್ಸನ್’ (1930) ಕಾದಂಬರಿಯಲ್ಲಿ ವಿಮ್ಸಿಗೆ ಮದುವೆ ಮಾಡಿ ಅವನ ಕಥೆಯನ್ನೇ ಮುಗಿಸುವ ಆಲೋಚನೆ ಆಕೆಗಿತ್ತು. ಆದರೆ ಕೊಲೆಯ ಆರೋಪದಿಂದ ತನ್ನನ್ನು ಪಾರುಮಾಡಿದವನನ್ನು ಹ್ಯಾರಿಯೆಟ್ ವೇನ್ ಕೃತಜ್ಞತೆಗಾಗಿ ವರಿಸುವುದು ಇಬ್ಬರ ಘನತೆಗೂ ಕುಂದೆಂದು ಆಕೆಗೆ ಕಂಡಿತು. ಆ ಸಂಬಂಧ ಸಮಾನತೆಗೆ ಬರಲು ವಿಮ್ಸಿಯನ್ನು ಒಗಟು ಬಿಡಿಸುವ ಗೊಂಬೆಯಿಂದ ಮನುಷ್ಯನನ್ನಾಗಿಸಬೇಕಾಯಿತು. ಮಹಿಳಾ ಕಾಲೇಜಿನ ಆವರಣದಲ್ಲಿ ನಡೆಯುವ ‘ಗಾಡಿ ನೈಟ್’ ಕಥೆಯಲ್ಲಿ ಕೊಲೆಯೇ ಇಲ್ಲ. ವಿದ್ವತ್ತಿನ ಸತ್ಯನಿಷ್ಠೆಗೂ ಹೃದಯದ ನಿಷ್ಠೆಗೂ ನಡುವಿನ ಘರ್ಷಣೆಯೇ ಒಗಟಿನ ಕೀಲಿ. ತೊಡಕೆಂದು 1928ರಲ್ಲಿ ದೂರವಿಟ್ಟ ಪ್ರೇಮಪ್ರಸಂಗ ಇಲ್ಲಿ ವಸ್ತುವಿನ ಬೆನ್ನೆಲುಬಾಗಿದೆ. ಈ ಬದಲಾವಣೆ ಹೇಗಾಯಿತೆಂಬುದನ್ನು 1937ರ ಪ್ರಬಂಧವೊಂದರಲ್ಲಿ ಆಕೆಯೇ ಬಿಚ್ಚಿಟ್ಟಿದ್ದಾಳೆ.

ವಿಮರ್ಶಕರು ಸುಮ್ಮನಿರಲಿಲ್ಲ. 1937ರಲ್ಲಿ ಕ್ಯೂ. ಡಿ. ಲೀವಿಸ್ ‘ಸ್ಕ್ರೂಟಿನಿ’ಯಲ್ಲಿ ಆಕೆಯ ಕಾದಂಬರಿಗಳ ವಿದ್ವತ್ ವೇಷವನ್ನು ಕಟುವಾಗಿ ಖಂಡಿಸಿದಳು. 1944ರಲ್ಲಿ ರೇಮಂಡ್ ಚಾಂಡ್ಲರ್ ಶಿಖರದ ಮಿತಿಯ ಮಾತನ್ನೇ ಪ್ರಶ್ನಿಸಿದ. ಮರುವರ್ಷ ಎಡ್ಮಂಡ್ ವಿಲ್ಸನ್ ‘ದಿ ನೈನ್ ಟೇಲರ್ಸ್’ ಓದಿ ಬೇಸತ್ತುದನ್ನು ಬರೆದ. ಲೀವಿಸ್‌ಳ ಆಕ್ಷೇಪದಲ್ಲಿ ಹುರುಳಿಲ್ಲವೆನ್ನಲಾಗದು. ವಿಮ್ಸಿಯ ಉದ್ಧರಣ ಚಾಪಲ್ಯ ಎಂಥ ಅಭಿಮಾನಿಯನ್ನೂ ದಣಿಸುತ್ತದೆ. ಆದರೆ ತಾನು ನಂಬಿದ್ದ ಸೂತ್ರವನ್ನು ಕೃತಿಯಲ್ಲಿ ಪರೀಕ್ಷಿಸಿ ತಿದ್ದಿಕೊಂಡ ವಿಮರ್ಶಕಿಯನ್ನು ಆ ಖಂಡನೆ ಕಾಣಲಿಲ್ಲವೆಂದು ನನ್ನ ಅಭಿಪ್ರಾಯ.

1937ರ ‘ಬಸ್‌ಮನ್ಸ್ ಹನಿಮೂನ್’ ಬಳಿಕ ಸೇಯರ್ಸ್ ಪತ್ತೇದಾರಿ ಕಾದಂಬರಿಯನ್ನು ಪ್ರಕಟಿಸಲಿಲ್ಲ. ಧಾರ್ಮಿಕ ನಾಟಕಗಳತ್ತಲೂ ಡಾಂಟೆಯತ್ತಲೂ ಹೊರಳಿದಳು. ಆಕೆಯ ಅನುವಾದದಲ್ಲಿ ‘ನರಕ’ 1949ರಲ್ಲೂ ‘ಶುದ್ಧಿಲೋಕ’ 1955ರಲ್ಲೂ ಬಂದವು. ‘ಸ್ವರ್ಗ’ವನ್ನು ಗೆಳತಿ ಬಾರ್ಬರಾ ರೆನಾಲ್ಡ್ಸ್ ಪೂರ್ಣಗೊಳಿಸಿ 1962ರಲ್ಲಿ ಹೊರತಂದಳು. 1949ರಿಂದ ಡಿಟೆಕ್ಷನ್ ಕ್ಲಬ್ಬಿನ ಅಧ್ಯಕ್ಷಳಾಗಿದ್ದ ಸೇಯರ್ಸ್ 1957ರ ಡಿಸೆಂಬರ್ 17ರಂದು ಎಸೆಕ್ಸ್‌ನ ವಿದಮ್‌ನ ತನ್ನ ಮನೆಯಲ್ಲಿ ನಿಧನಳಾದಳು. ಮಗನ ಸಂಗತಿ ಲೋಕಕ್ಕೆ ತಿಳಿದದ್ದು 1975ರಲ್ಲಿ ಪ್ರಕಟವಾದ ಜೀವನಚರಿತ್ರೆಯಿಂದ. ಹಲವು ವರ್ಷ ಸಾಮಗ್ರಿ ಸಂಗ್ರಹಿಸಿ ಬರೆಯತೊಡಗಿದ್ದ ವಿಲ್ಕಿ ಕಾಲಿನ್ಸ್‌ನ ಜೀವನಚರಿತ್ರೆಯನ್ನು ಮಾತ್ರ ಆಕೆ ಮುಗಿಸಲೇ ಇಲ್ಲ. ಬರೆದಷ್ಟು ಅಧ್ಯಾಯಗಳು 1977ರಲ್ಲಿ ಅಚ್ಚಾದವು.