ಗಿಡ ನೆಟ್ಟ ಡಾಕ್ಟರು: ಆಂಟನ್ ಚೆಕಾಫ್

ಕ್ಷಯ ಅಂದರೆ ನಮ್ಮ ಹಿರಿಯರ ಎದೆ ಝಲ್ಲೆನ್ನುತ್ತಿತ್ತು. ರೋಗಿಯ ತಟ್ಟೆ ಲೋಟ ಬೇರೆ ಮಾಡಿ, ಜಗಲಿಯಲ್ಲಿ ಮಲಗಿಸಿ, ದಿನ ಎಣಿಸುತ್ತಿದ್ದ ಕಾಲವದು. ಅಂಥ ಕಾಲದಲ್ಲಿ ತಮಗೆ ಕ್ಷಯವೆಂದು ಗೊತ್ತಾದ ಮೇಲೂ ಶಾಲೆ ಕಟ್ಟಿಸಿ, ಗಿಡ ನೆಟ್ಟು, ಮದುವೆಯಾಗಿ, ನಾಟಕ ಬರೆದು ಬಾಳಿದವರು ರಷ್ಯಾ ದೇಶದ ಕಥೆಗಾರ ಡಾಕ್ಟರು ಆಂಟನ್ ಚೆಕಾಫ್.

ಚೆಕಾಫ್ ಹುಟ್ಟಿದ್ದು 1860ರಲ್ಲಿ, ಟಾಗನ್ರೋಗ್ ಎಂಬ ಬಂದರು ಊರಿನಲ್ಲಿ. ತಾತ ಜಮೀನುದಾರನ ಜೀತದಾಳಾಗಿದ್ದು, ಹಣ ಕಟ್ಟಿ ಬಿಡುಗಡೆ ಪಡೆದವರು. ತಂದೆಯದು ದಿನಸಿ ಅಂಗಡಿ. 1876ರಲ್ಲಿ ಸಾಲ ಮೈಮೇಲೆ ಬಂದು ತಂದೆ ಮಾಸ್ಕೋಗೆ ಓಡಿಹೋದರು. ಹದಿನಾರರ ಹುಡುಗ ಊರಿನಲ್ಲೇ ಉಳಿದು, ಮನೆಪಾಠ ಹೇಳಿ ಶಾಲೆ ಮುಗಿಸಿದ. ಆಮೇಲೆ ಮಾಸ್ಕೋದಲ್ಲಿ ಡಾಕ್ಟರಿಕೆ ಓದುತ್ತಲೇ ಪತ್ರಿಕೆಗಳಿಗೆ ನಗೆಬರಹ ಬರೆದು ಮನೆಮಂದಿಯನ್ನೆಲ್ಲ ಸಾಕಿದರು.

1884ರಲ್ಲಿ ಡಾಕ್ಟರಾದರು. ಅದೇ ಡಿಸೆಂಬರಿನಲ್ಲಿ ಕೆಮ್ಮಿನ ಜೊತೆ ರಕ್ತ ಬಂತು. ಡಾಕ್ಟರಿಗೆ ಅದರ ಅರ್ಥ ತಿಳಿಯದೆ ಇರುತ್ತದೆಯೇ? ಆದರೂ ಇದು ಕ್ಷಯವಲ್ಲ ಅಂತ ಹೇಳಿಕೊಂಡು, ಎದೆ ಪರೀಕ್ಷೆ ಮಾಡಿಸದೆ ವರ್ಷಗಟ್ಟಲೆ ದೂಡಿದರು. 1889ರಲ್ಲಿ ಅಣ್ಣ ನಿಕೊಲಾಯ್ ಅದೇ ರೋಗದಿಂದ ತೀರಿಕೊಂಡರು. ಅವರಿಗೂ ನಮ್ಮ ನಿಮ್ಮಂತೆ ಹೆದರಿಕೆ ಇತ್ತು ಅನ್ನೋದನ್ನು ಮರೆಯಬಾರದು.

1892ರಲ್ಲಿ ಮಾಸ್ಕೋದ ದಕ್ಷಿಣಕ್ಕಿರುವ ಮೆಲಿಖೊವೊ ಹಳ್ಳಿಯಲ್ಲಿ ಜಮೀನು ಕೊಂಡು ನೆಲೆಸಿದರು. ಅದೇ ವರ್ಷ ಕಾಲರಾ ಭಯ ಹಬ್ಬಿದಾಗ ಸಂಬಳವಿಲ್ಲದೆ 25 ಹಳ್ಳಿಗಳ ಹೊಣೆ ಹೊತ್ತು, ಗಾಡಿಯಲ್ಲಿ ಊರೂರು ಸುತ್ತಿದರು. ಬಾಗಿಲಿಗೆ ಬಂದ ರೈತರಿಗೆ ಪುಕ್ಕಟೆ ಔಷಧಿ ಕೊಟ್ಟರು.

1897ರ ಮಾರ್ಚಿನಲ್ಲಿ ಮಾಸ್ಕೋದ ಹೋಟೆಲೊಂದರಲ್ಲಿ ಊಟಕ್ಕೆ ಕುಳಿತಾಗ ಬಾಯಿಂದ ರಕ್ತ ಧಾರಾಕಾರ ಬಂತು. ಆಸ್ಪತ್ರೆಯ ಡಾಕ್ಟರು ಕ್ಷಯವೆಂದು ಖಚಿತ ಹೇಳಿದರು. ಆಗ ವಯಸ್ಸು 37. ಆ ರೋಗಕ್ಕೆ ಆಗ ಮದ್ದೇ ಇರಲಿಲ್ಲ. ಇನ್ನು ತಪ್ಪಿಸಿಕೊಳ್ಳುವ ಮಾತಿಲ್ಲ.

ಹಾಗಂತ ಅವರು ಹಾಸಿಗೆ ಹಿಡಿದು ಕೂರಲಿಲ್ಲ. ಹಳ್ಳಿ ಮಕ್ಕಳಿಗೆ ಅವರು ಕಟ್ಟಿಸಿದ ಮೂರು ಶಾಲೆಗಳಲ್ಲಿ ಎರಡು ಮುಗಿದದ್ದು ಆಸ್ಪತ್ರೆಯಿಂದ ಬಂದ ಮೇಲೆಯೇ. ಬೆಚ್ಚನೆ ಹವೆಗೆಂದು ಕಡಲತೀರದ ಯಾಲ್ಟಾ ಊರಿಗೆ ಹೋದರು. ಅಲ್ಲಿ ಮನೆ ಕಟ್ಟಿಸಿ, ಬರಡು ಜಾಗದಲ್ಲಿ ತಾವೇ ಗಿಡ ನೆಟ್ಟು ತೋಟ ಮಾಡಿದರು. ಊರಿಗೆ ಬರುವ ಬಡ ಕ್ಷಯರೋಗಿಗಳಿಗಾಗಿ ಚಂದಾ ಎತ್ತಿದರು. 1901ರಲ್ಲಿ ನಟಿ ಓಲ್ಗಾ ಕ್ನಿಪ್ಪರ್ ಅವರನ್ನು ಮದುವೆಯಾದರು. ಹೆಂಡತಿಗೆ ಮಾಸ್ಕೋದಲ್ಲಿ ನಾಟಕ, ಇವರಿಗೆ ಯಾಲ್ಟಾದಲ್ಲಿ ಕೆಮ್ಮು. ಸಂಸಾರ ಹೆಚ್ಚಾಗಿ ಕಾಗದದಲ್ಲೇ ನಡೆಯಿತು. ದಿನಕ್ಕೆ ಕೆಲವೇ ಸಾಲು ಬರೆಯುವಷ್ಟು ಶಕ್ತಿ ಕುಗ್ಗಿದಾಗಲೂ ‘ಚೆರ್ರಿ ತೋಟ’ ನಾಟಕವನ್ನು ಮುಗಿಸಿದರು. ಅದು 1904ರ ಜನವರಿಯಲ್ಲಿ ರಂಗ ಕಂಡಿತು. ಅದೇ ವರ್ಷ ಜುಲೈ 15ರಂದು ಜರ್ಮನಿಯ ಬಾಡೆನ್‌ವೈಲರ್‌ನಲ್ಲಿ ಕಣ್ಮುಚ್ಚಿದರು. ವಯಸ್ಸು ಬರೀ 44.

ಕ್ಷಯಕ್ಕೆ ಸ್ಟ್ರೆಪ್ಟೊಮೈಸಿನ್ ಔಷಧಿ ಸಿಕ್ಕಿದ್ದು 1943ರಲ್ಲಿ. ಇಂದು ನಮ್ಮ ಸರ್ಕಾರಿ ಆಸ್ಪತ್ರೆಗಳಲ್ಲಿ ಪರೀಕ್ಷೆ, ಮಾತ್ರೆ ಎರಡೂ ಉಚಿತ. ಎರಡು ವಾರ ಕೆಮ್ಮು ಬಿಡದಿದ್ದರೆ ಚೆಕಾಫ್ ಅವರಂತೆ ದೂಡದೆ ತೋರಿಸಿಕೊಳ್ಳೋಣ. ಆದರೆ ಬದುಕುವುದನ್ನು ಮಾತ್ರ ಅವರಂತೆಯೇ ಕಲಿಯೋಣ. ತಾವು ನೆಟ್ಟ ಗಿಡ ಮರವಾಗುವುದನ್ನು ನೋಡಲು ತಾವಿರುವುದಿಲ್ಲ ಅಂತ ಆ ಡಾಕ್ಟರಿಗೆ ಗೊತ್ತಿತ್ತು. ಆದರೂ ನೆಟ್ಟರು, ನೀರು ಹಾಕಿದರು. ಸಹಕಾರ ಎಂಬ ಮಾತಿನ ತಿರುಳೂ ಅದೇ ಅಲ್ಲವೇ?