ಚದುರಂಗವೀರ ಮೀರ್ ಸುಲ್ತಾನ್ ಖಾನರು

1950ನೆಯ ಇಸವಿಯಲ್ಲಿ ಅಂತರರಾಷ್ಟ್ರೀಯ ಚದುರಂಗ ಮಹಾಮಂಡಲದವರು ಗ್ರಾಂಡ್ ಮಾಸ್ಟರ್ ಎಂಬ ಬಿರುದನ್ನು ಮೊತ್ತಮೊದಲು ವಿಧ್ಯುಕ್ತವಾಗಿ 27 ಮಂದಿಗೆ ಕೊಟ್ಟರು. ರೂಬಿನ್‌ಸ್ಟೈನ್, ತಾರ್ತಕೋವರ್, ಫ್ಲೋರ್ ಎಂಬ ಮೂವರು ಪ್ರಖ್ಯಾತರು ಆ ಪಟ್ಟಿಯಲ್ಲಿದ್ದರು. ಆ ಮೂವರನ್ನೂ ಎದುರು ಕುಳಿತು ಸೋಲಿಸಿದ್ದ ಪಂಜಾಬದ ಆಟಗಾರರೊಬ್ಬರು ಆಗ ಇನ್ನೂ ಬದುಕಿದ್ದರು. ಅವರ ಹೆಸರು ಪಟ್ಟಿಯಲ್ಲಿರಲಿಲ್ಲ. ಆ ಮಹನೀಯರೇ ಮೀರ್ ಸುಲ್ತಾನ್ ಖಾನರು. ಅವರ ಚರಿತ್ರೆಯನ್ನು ವಾಚಕರ ಮುಂದಿಡುವುದು ಯುಕ್ತವೆಂದು ನಮಗೆ ತೋರುತ್ತದೆ.

ಅವರ ಹುಟ್ಟೂರು ಪಂಜಾಬದ ಮಿಠಾ ಟಿವಾಣಾ. ಈಗ ಅದು ಪಾಕಿಸ್ತಾನಕ್ಕೆ ಸೇರಿದೆ. ಹುಟ್ಟಿದ ವರ್ಷವನ್ನು ಕೆಲವರು 1903 ಎಂದೂ ಕೆಲವರು 1905 ಎಂದೂ ಹೇಳುವರು. ಒಂಬತ್ತನೆಯ ವಯಸ್ಸಿನಲ್ಲಿ ತಂದೆಯವರಿಂದ ಚದುರಂಗವನ್ನು ಕಲಿತರು. ಆದರೆ ಅದು ನಮ್ಮ ದೇಶೀಯ ಕ್ರಮದ ಚದುರಂಗ. ಅದರಲ್ಲಿ ಕಾಲಾಳು ಮೊದಲ ನಡೆಯಲ್ಲಿಯೂ ಒಂದೇ ಮನೆ ಮುಂದಕ್ಕೆ ಹೋಗತಕ್ಕದ್ದು. ಕಡೆಯ ಸಾಲನ್ನು ಮುಟ್ಟಿದಾಗ ಯಾವ ಕಾಯಿಯ ಮನೆಯನ್ನು ಸೇರಿತೋ ಆ ಕಾಯಿಯೇ ಆಗತಕ್ಕದ್ದು. ನಾವೂ ಬಾಲ್ಯದಲ್ಲಿ ಜಗಲಿಯ ಮೇಲೆ ಹಿರಿಯರಿಂದ ಕಲಿತದ್ದು ಇದೇ ಪದ್ಧತಿಯನ್ನು. ಪಾಶ್ಚಾತ್ಯ ಕ್ರಮದವರೊಡನೆ ಮೊದಲ ಸಲ ಆಡಲು ಕುಳಿತಾಗ, ಎದುರಾಳಿಯ ಕಾಲಾಳು ಎರಡು ಮನೆ ಹಾರಿದ್ದನ್ನು ಕಂಡು ಅನ್ಯಾಯವೆಂದು ಕೂಗಿ ನಗೆಗೀಡಾದೆವು. ಹುಟ್ಟಿನಿಂದ ಬಂದ ಲೆಕ್ಕವನ್ನೆಲ್ಲ ಮರೆತು ಬೇರೆ ಲೆಕ್ಕವನ್ನು ಕಲಿಯುವುದು ಎಷ್ಟು ಪ್ರಯಾಸವೆಂಬುದನ್ನು ಆದುದರಿಂದ ಸ್ವಲ್ಪಮಟ್ಟಿಗೆ ಬಲ್ಲೆವು.

ಇಪ್ಪತ್ತೊಂದನೆಯ ವಯಸ್ಸಿಗೆ ಸುಲ್ತಾನ್ ಖಾನರು ಪಂಜಾಬದಲ್ಲಿಯೇ ಪ್ರಥಮರೆನಿಸಿದರು. ಆ ಸೀಮೆಯ ದೊಡ್ಡ ಜಮೀನುದಾರರಾದ ಸರ್ ಉಮರ್ ಹಯಾತ್ ಖಾನ್ ಟಿವಾಣಾ ಅವರು ಇವರನ್ನು ತಮ್ಮ ಆಶ್ರಯಕ್ಕೆ ತೆಗೆದುಕೊಂಡು, ಪಾಶ್ಚಾತ್ಯ ಕ್ರಮದ ಆಟವನ್ನು ಕಲಿಸುವ ಏರ್ಪಾಡು ಮಾಡಿದರು. 1928ರ ಅಖಿಲ ಭಾರತ ಪಂದ್ಯದಲ್ಲಿ ಒಂಬತ್ತು ಆಟಗಳ ಪೈಕಿ ಎಂಟನ್ನು ಗೆದ್ದು, ಒಂದನ್ನು ಸಮಮಾಡಿ, ಪ್ರಥಮ ಸ್ಥಾನವನ್ನು ಪಡೆದರು. ಮರುವರ್ಷ ಸರ್ ಉಮರರು ಭಾರತ ಮಂತ್ರಿಯ ಸಲಹಾಸಭೆಯ ಸದಸ್ಯರಾಗಿ ಲಂಡನ್ನಿಗೆ ಹೊರಟಾಗ ಇವರನ್ನೂ ಕರೆದೊಯ್ದರು.

ಅಲ್ಲಿ ಅಭ್ಯಾಸಕ್ಕೆಂದು ಏರ್ಪಡಿಸಿದ ಸಣ್ಣ ಪಂದ್ಯದಲ್ಲಿ ಅವರಿಗೆ ದೊರೆತದ್ದು ಕೊನೆಯ ಸ್ಥಾನ. ಆಟದ ಆರಂಭದ ನಡೆಗಳನ್ನು ಕುರಿತು ಐರೋಪ್ಯರು ಗ್ರಂಥಗಳನ್ನೇ ರಚಿಸಿದ್ದರು; ಇವರಿಗೆ ಆ ಗ್ರಂಥಗಳ ಪರಿಚಯವಿರಲಿಲ್ಲ. ಇದಾದ ಕೆಲವೇ ತಿಂಗಳಲ್ಲಿ, 1929ರ ಬೇಸಗೆಯಲ್ಲಿ, ರಾಮ್ಸ್‌ಗೇಟಿನಲ್ಲಿ ನಡೆದ ಬ್ರಿಟಿಷ್ ಚಾಂಪಿಯನ್ ಪಂದ್ಯವನ್ನು ಈ ನವಾಗತರೇ ಗೆದ್ದರೆಂದರೆ ಆಂಗ್ಲ ಚದುರಂಗ ಪ್ರಪಂಚಕ್ಕೆ ಆದ ಆಶ್ಚರ್ಯವನ್ನು ವಾಚಕರೇ ಊಹಿಸಿಕೊಳ್ಳಬಹುದು. 1932 ಮತ್ತು 1933ರಲ್ಲಿಯೂ ಆ ಪದವಿ ಇವರದೇ ಆಯಿತು.

1930ರ ಕೊನೆಯಲ್ಲಿ ಆರಂಭವಾದ ಹೇಸ್ಟಿಂಗ್ಸ್ ಪಂದ್ಯವನ್ನಂತೂ ಮರೆಯುವಂತಿಲ್ಲ. ಕ್ಯೂಬಾ ದೇಶದ ಕಾಪಾಬ್ಲಾಂಕಾ ಅವರು 1921ರಿಂದ 1927ರ ವರೆಗೆ ಜಗಜ್ಜೇತರಾಗಿದ್ದವರು. ಅವರನ್ನು ಸೋಲಿಸುವುದು ಎಂತಹ ಪ್ರವೀಣರಿಗೂ ಅಪೂರ್ವ ಸಂಗತಿಯಾಗಿತ್ತು. ಸುಲ್ತಾನ್ ಖಾನರು ಅಂತಹವರನ್ನು ಹಿಡಿದು, ಎಲ್ಲಿಯೂ ಆತುರಪಡದೆ, ಸ್ವಲ್ಪ ಸ್ವಲ್ಪವಾಗಿ ಬಿಗಿಯುತ್ತ ಬಂದು 65ನೆಯ ನಡೆಯಲ್ಲಿ ಆಟವನ್ನು ಮುಗಿಸಿದರು. ಆರಂಭದಲ್ಲಿ ಎಡವಿದರೂ ಕಾಯಿಗಳು ಕಡಿಮೆಯಾದಂತೆ ಇವರ ಬಲ ಹೆಚ್ಚುತ್ತಿತ್ತು. 1931ರಲ್ಲಿ ತಾರ್ತಕೋವರರೊಡನೆ ಹನ್ನೆರಡು ಆಟಗಳ ಸ್ಪರ್ಧೆಯನ್ನಾಡಿ ಒಂದು ಆಟದ ಅಂತರದಿಂದ ಗೆದ್ದರು. ಅದೇ ವರ್ಷ ಪ್ರಾಗ್ ನಗರದಲ್ಲಿ ಫ್ಲೋರರನ್ನೂ ರೂಬಿನ್‌ಸ್ಟೈನರನ್ನೂ ಸೋಲಿಸಿ, ಅಂದಿನ ಜಗಜ್ಜೇತರಾದ ಅಲೆಖೈನರೊಡನೆ ಸಮಮಾಡಿಕೊಂಡರು.

ಆದರೆ ಪ್ರಾಗಿನಲ್ಲಿ ಅವರು ಆಡಿದ್ದು ಯಾರ ಪರವಾಗಿ? ಇಂಗ್ಲೆಂಡಿನ ಪರವಾಗಿ. 1930ರಲ್ಲಿ ಹ್ಯಾಂಬರ್ಗಿನಲ್ಲಿಯೂ 1933ರಲ್ಲಿ ಫೋಕ್‌ಸ್ಟನ್ನಿನಲ್ಲಿಯೂ ಅದೇ ತಂಡದ ಮೊದಲನೆಯ ಮಣೆ ಇವರದಾಗಿತ್ತು. ಸಾಮ್ರಾಜ್ಯದ ಪ್ರಜೆ ಎಂಬ ಒಂದೇ ಕಾರಣದಿಂದ ಈ ಅರ್ಹತೆ. 1930ರ ಏಪ್ರಿಲಿನಲ್ಲಿ ದಾಂಡಿಯ ಕಡಲತೀರದಲ್ಲಿ ಒಂದು ಹಿಡಿ ಉಪ್ಪನ್ನೆತ್ತಿದ್ದು ಅಪರಾಧವಾಯಿತು. ಅದೇ ಬೇಸಗೆಯಲ್ಲಿ ಒಬ್ಬ ಭಾರತೀಯರ ಬುದ್ಧಿಬಲ ಇಂಗ್ಲೆಂಡಿನ ಮಾನವನ್ನು ಕಾಯುತ್ತಿತ್ತು. ಸುಲ್ತಾನ್ ಖಾನರನ್ನು ಇದಕ್ಕಾಗಿ ಯಾರಾದರೂ ನಿಂದಿಸಿದರೆ ನಾವು ಒಪ್ಪುವುದಿಲ್ಲ. ಎಲ್ಲಿ, ಎಷ್ಟು ಕಾಲ ಆಡಬೇಕೆಂಬುದು ಅವರ ಕೈಯಲ್ಲಿರಲಿಲ್ಲ. ಆಶ್ರಯದಾತರ ಪ್ರಯಾಣದೊಡನೆ ಅವರ ಪ್ರಯಾಣ. ಇಂಗ್ಲೆಂಡಿನ ಚಳಿ ಅವರಿಗೆ ಒಗ್ಗಲಿಲ್ಲ. ಮಲೇರಿಯಾ ಜ್ವರ, ನೆಗಡಿ, ಗಂಟಲುಬೇನೆ ಎಡೆಬಿಡದೆ ಕಾಡುತ್ತಿದ್ದುವು. ಕೊರಳಿಗೆ ಬಟ್ಟೆ ಸುತ್ತಿಕೊಂಡೇ ಎಷ್ಟೋ ಆಟಗಳನ್ನು ಆಡಿದರು.

1933ರಲ್ಲಿ ಅಮೇರಿಕದ ತಂಡದವರನ್ನು ಸರ್ ಉಮರರು ಲಂಡನ್ನಿನ ತಮ್ಮ ಮನೆಗೆ ಔತಣಕ್ಕೆ ಕರೆದರು. ಆ ಔತಣದಲ್ಲಿ ಬಡಿಸಿದವರು ಸುಲ್ತಾನ್ ಖಾನರೇ ಎಂದು ಅತಿಥಿಗಳಲ್ಲಿ ಒಬ್ಬರಾದ ರೂಬೆನ್ ಫೈನರು ಬರೆದಿಟ್ಟಿದ್ದಾರೆ. ತಮ್ಮ ಸರಿಸಮಾನರಾದವರಿಂದ ಬಡಿಸಿಕೊಳ್ಳಬೇಕಾಗಿ ಬಂದುದಕ್ಕೆ ಆ ಅತಿಥಿಗಳಿಗೆ ಸಂಕೋಚವಾಯಿತಂತೆ. ಅವರು ಸೇವಕರಾಗಿರಲಿಲ್ಲ, ನಿರಕ್ಷರಸ್ಥರೂ ಅಲ್ಲ, ಭೂಮಿಕಾಣಿಯಿದ್ದ ಗೌರವಸ್ಥ ಮನೆತನದವರು ಎಂದು ಅವರ ವಂಶೀಯರು ಇತ್ತೀಚಿನ ವರ್ಷಗಳಲ್ಲಿ ಪ್ರತಿಪಾದಿಸಿರುವರು. ಈ ಮಾತನ್ನು ಲಕ್ಷ್ಯಕ್ಕೆ ತೆಗೆದುಕೊಳ್ಳದೆ, ಸೇವಕನ ಕಥೆ ಓದಲು ಸ್ವಾರಸ್ಯವಾಗಿದೆಯೆಂದು ಅದನ್ನೇ ಹಾಡುತ್ತಿರುವುದು ನ್ಯಾಯವಲ್ಲ. ಮನೆಗೆ ಬಂದ ಅತಿಥಿಗೆ ಮನೆಯವರೇ ಬಡಿಸುವ ಪದ್ಧತಿ ನಮ್ಮಲ್ಲಿ ಉಂಟಷ್ಟೆ. ಪರದೇಶೀಯರು ಅದನ್ನು ಹೇಗೆ ಕಂಡರೋ!

ಅದೇ 1933ರಲ್ಲಿ ಬ್ರಿಟಿಷ್ ಮಹಿಳೆಯರ ಚಾಂಪಿಯನ್ ಪಂದ್ಯವನ್ನು ಗೆದ್ದವರು ಅದೇ ಮನೆಯ ಪರಿವಾರಕ್ಕೆ ಸೇರಿದ ಫಾತಿಮಾ ಎಂಬ ತರುಣಿ. ಒಂದೇ ವರ್ಷ ಎರಡು ಕಿರೀಟಗಳೂ ಒಂದೇ ಮನೆ ಸೇರಿದುವು. ಆ ವರ್ಷದ ಕೊನೆಗೆ ಸರ್ ಉಮರರು ಸ್ವದೇಶಕ್ಕೆ ಹಿಂದಿರುಗಿದರು. ಸುಲ್ತಾನ್ ಖಾನರೂ ಹಿಂದಿರುಗಿದರು. ಐರೋಪ್ಯ ಪಂದ್ಯಗಳಲ್ಲಿ ಅವರ ಆಟ ಅಲ್ಲಿಗೆ ಮುಗಿಯಿತು. ಒಟ್ಟು ಐದು ವರ್ಷವೂ ತುಂಬಲಿಲ್ಲ. 1935ರಲ್ಲಿ ಖಾಡಿಲ್ಕರರೊಡನೆ ಹತ್ತು ಆಟಗಳನ್ನಾಡಿ ಒಂಬತ್ತನ್ನು ಗೆದ್ದು, ಒಂದನ್ನು ಸಮಮಾಡಿದರು. ಅನಂತರ ತಮ್ಮ ಊರಿನಲ್ಲಿ ಬೇಸಾಯದಲ್ಲಿ ನಿಂತರು. ಸರ್ ಉಮರರು 1944ರಲ್ಲಿ ತೀರಿಕೊಂಡರು. 1947ರಲ್ಲಿ ದೇಶವೇ ಎರಡಾಯಿತು. ತಮ್ಮ ಮಕ್ಕಳಿಗೆ ಅವರು ಚದುರಂಗವನ್ನು ಕಲಿಸಲಿಲ್ಲವೆಂದೂ, ಇದಕ್ಕಿಂತ ಉಪಯುಕ್ತವಾದ ಕೆಲಸವನ್ನು ಮಾಡಿರೆಂದು ಹೇಳುತ್ತಿದ್ದರೆಂದೂ ಮಗನೊಬ್ಬರು ನೆನೆದಿರುವರು.

1966ರ ಏಪ್ರಿಲ್ 25ರಂದು ಸರ್ಗೋಧಾದಲ್ಲಿ ಕ್ಷಯರೋಗದಿಂದ ಅವರು ದಿವಂಗತರಾದರು. 1988ರಲ್ಲಿ ವಿಶ್ವನಾಥನ್ ಆನಂದರು ಗ್ರಾಂಡ್ ಮಾಸ್ಟರ್ ಆದಾಗ ಭಾರತದಲ್ಲಿ ಅವರೇ ಮೊದಲಿಗರೆಂದು ಪತ್ರಿಕೆಗಳೆಲ್ಲ ಬರೆದುವು. ಪಟ್ಟಿಯ ಪ್ರಕಾರ ಅದು ಸರಿಯೇ. 2024ರ ಫೆಬ್ರವರಿಯಲ್ಲಿ ಮಹಾಮಂಡಲದ ಅಧ್ಯಕ್ಷರು ಪಾಕಿಸ್ತಾನಕ್ಕೆ ಹೋಗಿ, ಸುಲ್ತಾನ್ ಖಾನರಿಗೆ ಗೌರವ ಗ್ರಾಂಡ್ ಮಾಸ್ಟರ್ ಪದವಿಯನ್ನು ಸಾರಿದರು. ಆ ಪದವಿಪತ್ರವನ್ನು ಅಲ್ಲಿನ ಅಂದಿನ ಉಸ್ತುವಾರಿ ಪ್ರಧಾನಮಂತ್ರಿಗಳ ಕೈಗೆ ಕೊಡಲಾಯಿತು. ಅವರು ತೀರಿಕೊಂಡು ಆಗ ಐವತ್ತೇಳು ವರ್ಷಗಳು ಕಳೆದಿದ್ದುವು.