ಕೆಳಗಿನಿಂದ ಏರಿದವನ ಆಕಾಶ

ಸರ್ಕಾರಿ ಸೇವೆಯಲ್ಲಿದ್ದವರಿಗೆಲ್ಲ ಒಂದು ವಿಭಜನೆ ಚೆನ್ನಾಗಿ ಗೊತ್ತು. ನೇರ ನೇಮಕಾತಿಯಿಂದ ಬಂದವರು ಒಂದು ಕಡೆ, ಕೆಳಹಂತದಿಂದ ಬಡ್ತಿ ಪಡೆದು ಬಂದವರು ಇನ್ನೊಂದು ಕಡೆ. ಒಂದೇ ದರ್ಜೆಯ ಕುರ್ಚಿಯಲ್ಲಿ ಕುಳಿತಿದ್ದರೂ ಇಬ್ಬರ ನಡುವೆ ಕಣ್ಣಿಗೆ ಕಾಣದ ಗೆರೆಯೊಂದು ಇದ್ದೇ ಇರುತ್ತದೆ. ನಾನು ನೇರ ನೇಮಕಾತಿಯಿಂದ ಬಂದವನು. ಆ ಗೆರೆಯ ಅನುಕೂಲಕರ ಬದಿಯಲ್ಲಿ ಮೂರು ದಶಕ ಕಳೆದವನು. ನಿವೃತ್ತಿಯ ನಂತರ ಮೊದಲ ಮಹಾಯುದ್ಧದ ಇತಿಹಾಸವನ್ನು ಓದುವ ಹವ್ಯಾಸ ಬೆಳೆಸಿಕೊಂಡೆ. ಆ ಓದಿನಲ್ಲಿ ಎದುರಾದ ಜೇಮ್ಸ್ ಮೆಕಡನ್ ಎಂಬ ಬ್ರಿಟಿಷ್ ವೈಮಾನಿಕ ನನ್ನನ್ನು ಬಿಡದೆ ಕಾಡುತ್ತಿದ್ದಾನೆ. 23ನೇ ವಯಸ್ಸಿಗೆ ತೀರಿಕೊಂಡ ಈತ ಶತ್ರುವಿನ 57 ವಿಮಾನಗಳನ್ನು ಸೋಲಿಸಿದವನೆಂದು ದಾಖಲಾಗಿದ್ದಾನೆ. ತನ್ನ ದೇಶದ ಅತ್ಯುನ್ನತ ಶೌರ್ಯ ಪದಕವನ್ನೂ ಪಡೆದಿದ್ದಾನೆ. ಇವುಗಳಿಗಿಂತ ಹೆಚ್ಚಾಗಿ, ಆತ ಎಲ್ಲಿಂದ ಹೊರಟು ಅಲ್ಲಿಗೆ ತಲುಪಿದ ಎಂಬುದು ನನ್ನನ್ನು ಯೋಚನೆಗೆ ಹಚ್ಚಿತು.

ಮೆಕಡನ್ ಹುಟ್ಟಿದ್ದು 1895ರ ಮಾರ್ಚ್ 28ರಂದು, ಇಂಗ್ಲೆಂಡಿನ ಕೆಂಟ್ ಪ್ರಾಂತ್ಯದ ಗಿಲ್ಲಿಂಗ್‌ಹ್ಯಾಮ್ ಪಟ್ಟಣದಲ್ಲಿ. ಐರ್ಲೆಂಡ್ ಮೂಲದ ತಂದೆ ಸೇನೆಯ ರಾಯಲ್ ಎಂಜಿನಿಯರ್ಸ್ ದಳದಲ್ಲಿ ಸಾರ್ಜೆಂಟ್ ಮೇಜರ್ ಆಗಿದ್ದರು. 1910ರಲ್ಲಿ, 15ರ ವಯಸ್ಸಿಗೆ, ಹುಡುಗ ಅದೇ ದಳದಲ್ಲಿ ಬ್ಯೂಗಲ್ ಊದುವವನಾಗಿ ಸೇರಿದ. ಕೆಲಕಾಲ ಜಿಬ್ರಾಲ್ಟರ್‌ನಲ್ಲಿದ್ದು ಮರಳಿದ. 1913ರಲ್ಲಿ, ಆಗಲೇ ವಿಮಾನ ಹಾರಿಸುತ್ತಿದ್ದ ಅಣ್ಣ ವಿಲಿಯಂನ ಹೆಜ್ಜೆ ಹಿಡಿದು, ರಾಯಲ್ ಫ್ಲೈಯಿಂಗ್ ಕೋರ್‌ಗೆ ಮೆಕ್ಯಾನಿಕ್ ಆಗಿ ವರ್ಗವಾದ.

ಬ್ರಿಟಿಷ್ ಸೇನೆಯ ಈ ವಿಮಾನ ದಳಕ್ಕೆ ಆಗ ವಯಸ್ಸು ಒಂದೇ ವರ್ಷ. 1912ರಲ್ಲಿ ಸ್ಥಾಪನೆಯಾದ ದಳದಲ್ಲಿ ಯಂತ್ರ ಹೊಸದಾಗಿದ್ದರೂ ಸಮಾಜ ಹಳೆಯದೇ ಆಗಿತ್ತು. ಅಧಿಕಾರಿಯಾಗಿ ವಿಮಾನ ಹಾರಿಸಬಯಸುವವನು ಮೊದಲು ಸ್ವಂತ ಖರ್ಚಿನಲ್ಲಿ ಹಾರಾಟ ಕಲಿತು ಪ್ರಮಾಣಪತ್ರ ಪಡೆಯಬೇಕಿತ್ತು. ದಳಕ್ಕೆ ಆಯ್ಕೆಯಾದರೆ ಸರ್ಕಾರ 75 ಪೌಂಡ್ ಮರಳಿಸುತ್ತಿತ್ತು. ಅದು ಆ ಕಾಲದ ಸಾಮಾನ್ಯ ಕಾರ್ಮಿಕನೊಬ್ಬನ ಒಂದು ವರ್ಷದ ದುಡಿಮೆಗೆ ಹತ್ತಿರದ ಮೊತ್ತ. ಅರ್ಥಶಾಸ್ತ್ರದ ವಿದ್ಯಾರ್ಥಿಗೆ ಇದರ ತಾತ್ಪರ್ಯವನ್ನು ಬಿಡಿಸಿ ಹೇಳಬೇಕಿಲ್ಲ. ಮುಂಗಡ ಬಂಡವಾಳ ಇಲ್ಲದವನಿಗೆ, ನಂತರ ಹಣ ಮರಳಿಸುತ್ತೇವೆಂಬ ಭರವಸೆಯಿಂದ ಪ್ರಯೋಜನವಿಲ್ಲ. ಕೆಳ ಶ್ರೇಣಿಯ ಕೆಲವರಿಗೂ ಹಾರಾಟ ಕಲಿಸುವ ವ್ಯವಸ್ಥೆ ಇತ್ತಾದರೂ ಆ ಬಾಗಿಲು ಕಿರಿದಾಗಿತ್ತು.

ಹೊಸ ಮೆಕ್ಯಾನಿಕ್‌ನ ವೃತ್ತಿಜೀವನ ಅಪಶಕುನದಿಂದಲೇ ಆರಂಭವಾಯಿತು. ಫಾರ್ನ್‌ಬರೋ ನೆಲೆಯಲ್ಲಿ ಪ್ರೊಪೆಲ್ಲರ್ ತಿರುಗಿಸುವ ಅಭ್ಯಾಸ ಮಾಡುತ್ತಿದ್ದಾಗ ಎಂಜಿನ್ ಹಠಾತ್ತನೆ ಚಾಲೂ ಆಗಿ, ಚಾಲಕನಿಲ್ಲದ ವಿಮಾನ ಓಡಿ ಹೋಗಿ ಹಾನಿ ಮಾಡಿತು. ಹುಡುಗನಿಗೆ ಬಂಧನದ ಶಿಕ್ಷೆಯಾಯಿತು. ಆನಂತರ 3ನೇ ಸ್ಕ್ವಾಡ್ರನ್‌ಗೆ ಸೇರಿದ ಆತ ಎಂಜಿನ್‌ಗಳನ್ನು ಬಿಚ್ಚಿ ಜೋಡಿಸುತ್ತಾ ಅವುಗಳ ಸ್ವಭಾವವನ್ನು ಕಲಿತ. ಅವಕಾಶ ಸಿಕ್ಕಾಗಲೆಲ್ಲ ಪ್ರಯಾಣಿಕನಾಗಿ ಹಾರಿದ.

1914ರ ಆಗಸ್ಟ್‌ನಲ್ಲಿ ಯುದ್ಧ ಶುರುವಾದಾಗ ಫ್ರಾನ್ಸ್‌ಗೆ ಹೋದ ಮೊದಲ ನಾಲ್ಕು ಸ್ಕ್ವಾಡ್ರನ್‌ಗಳಲ್ಲಿ 3ನೆಯದೂ ಒಂದು. ನಾಲ್ಕೂ ಸೇರಿ ಅವುಗಳ ಬಳಿ ಇದ್ದದ್ದು ಅರವತ್ತರ ಆಸುಪಾಸು ವಿಮಾನಗಳು. ಆಗ ವಿಮಾನಗಳ ಮುಖ್ಯ ಕೆಲಸ ಶತ್ರುಸೇನೆಯ ಚಲನವಲನ ನೋಡಿ ಬಂದು ಹೇಳುವುದಷ್ಟೇ. ಮೆಕಡನ್ ಹಗಲು ಎಂಜಿನ್ ರಿಪೇರಿ ಮಾಡುತ್ತಿದ್ದ, ಕೆಲವೊಮ್ಮೆ ಬಂದೂಕು ಹಿಡಿದು ವೀಕ್ಷಕನಾಗಿ ಹಾರುತ್ತಿದ್ದ. 1915ರ ಮೇ 1ರಂದು ಅಣ್ಣ ವಿಲಿಯಂ ಇಂಗ್ಲೆಂಡಿನ ಗಾಸ್ಪೋರ್ಟ್‌ನಲ್ಲಿ ವಿಮಾನ ಅಪಘಾತದಲ್ಲಿ ಸತ್ತ. ತಮ್ಮ ಪೈಲಟ್ ಆಗುವ ಆಸೆಯನ್ನು ಆಗಲೂ ಬಿಡಲಿಲ್ಲ. ಆದರೆ ತರಬೇತಿಗೆ ಸಲ್ಲಿಸಿದ ಅರ್ಜಿ ಅದೇ ವರ್ಷ ತಿರಸ್ಕೃತವಾಯಿತು. ಇಷ್ಟು ಒಳ್ಳೆಯ ಮೆಕ್ಯಾನಿಕ್‌ನನ್ನು ಬಿಟ್ಟುಕೊಡಲಾಗದು ಎಂಬುದು ಅದಕ್ಕೆ ಕಾರಣ.

ಈ ಪ್ರಸಂಗವನ್ನು ಓದಿದಾಗ ನನಗೆ ನಗುವೂ ನಾಚಿಕೆಯೂ ಒಟ್ಟಿಗೆ ಬಂದವು. ಕಚೇರಿಯಲ್ಲಿ ಅನಿವಾರ್ಯ ಎನಿಸಿಕೊಂಡ ನೌಕರ ಅದೇ ಕುರ್ಚಿಯಲ್ಲಿ ಮುದುಕನಾಗುವುದನ್ನು ನಾವೆಲ್ಲ ಕಂಡಿದ್ದೇವೆ. ಅವನ ದಕ್ಷತೆಯೇ ಅವನ ಕಾಲಿಗೆ ಸರಪಳಿಯಾಗುತ್ತದೆ.

ಆ ಸರಪಳಿಯನ್ನು ಕಳಚಿದ್ದು ಯುದ್ಧದ ಹಸಿವು. ಪೈಲಟ್‌ಗಳು ಸಾಯುತ್ತಿದ್ದ ವೇಗಕ್ಕೆ ತಕ್ಕಷ್ಟು ಹೊಸಬರು ಬೇಕಾಗಿದ್ದರು. ವೀಕ್ಷಕನಾಗಿ ತೋರಿದ ಧೈರ್ಯಕ್ಕೆ 1916ರ ಜನವರಿಯಲ್ಲಿ ಫ್ರೆಂಚ್ ಸರ್ಕಾರದ ಕ್ರ್ವಾ ದ ಗೇರ್ ಪದಕ ದೊರೆಯಿತು. ಅದೇ ತಿಂಗಳು ಪೈಲಟ್ ತರಬೇತಿಗೆ ಕರೆಯೂ ಬಂತು. ಸೆಪ್ಟೆಂಬರ್ 6ರಂದು ಆತ ಮೊದಲ ಶತ್ರು ವಿಮಾನವನ್ನು ಉರುಳಿಸಿದ. 1917ರ ಜನವರಿ 1ರಂದು ಕಮಿಷನ್ ಪಡೆದು ಸೆಕೆಂಡ್ ಲೆಫ್ಟಿನೆಂಟ್ ಆದ. ಬ್ಯೂಗಲ್ ಊದುತ್ತಿದ್ದ ಹುಡುಗ ಅಧಿಕಾರಿಗಳ ಭೋಜನಶಾಲೆಗೆ ಕಾಲಿಟ್ಟದ್ದು ಹೀಗೆ. ಮುಂದೆ ಕೆಲ ತಿಂಗಳು ಇಂಗ್ಲೆಂಡಿನಲ್ಲಿ ಬೋಧಕನಾಗಿದ್ದಾಗ ಆತನ ಬಳಿ ಕಲಿತವರಲ್ಲಿ, ನಂತರ ಅಷ್ಟೇ ಹೆಸರುವಾಸಿಯಾದ ಎಡ್ವರ್ಡ್ ಮ್ಯಾನಕ್ ಕೂಡ ಒಬ್ಬ.

1917ರ ಆಗಸ್ಟ್‌ನಲ್ಲಿ ಮೆಕಡನ್ 56ನೇ ಸ್ಕ್ವಾಡ್ರನ್‌ನ ಒಂದು ತುಕಡಿಗೆ ನಾಯಕನಾದ. ಆ ವರ್ಷದ ಏಪ್ರಿಲ್ ಒಂದರಲ್ಲೇ ಬ್ರಿಟಿಷ್ ದಳ ಸುಮಾರು 245 ವಿಮಾನಗಳನ್ನು ಕಳೆದುಕೊಂಡಿತ್ತು. ವಿಮಾನಗಳ ಚಾಲಕರಿಗೆ ಪ್ಯಾರಾಚೂಟ್ ಕೊಡುತ್ತಿರಲಿಲ್ಲ ಎಂಬುದನ್ನು ಈ ಲೆಕ್ಕದ ಜೊತೆಗಿಟ್ಟು ಓದಬೇಕು.

ಆತನ ತುಕಡಿಯಲ್ಲಿದ್ದ ಯುವಕರಲ್ಲಿ ಆರ್ಥರ್ ರೈಸ್ ಡೇವಿಡ್ಸ್ ಒಬ್ಬ. ಈ ಮನೆತನದ ಹೆಸರು ನಮಗೆ ಅಪರಿಚಿತವಲ್ಲ. 1881ರಲ್ಲಿ ಪಾಲಿ ಟೆಕ್ಸ್ಟ್ ಸೊಸೈಟಿ ಸ್ಥಾಪಿಸಿ ಬೌದ್ಧ ಗ್ರಂಥಗಳನ್ನು ಲೋಕಕ್ಕೆ ತಲುಪಿಸಿದ ವಿದ್ವಾಂಸ ಟಿ.ಡಬ್ಲ್ಯು. ರೈಸ್ ಡೇವಿಡ್ಸ್ ಅವರ ಮಗ ಆತ. ಈಟನ್ ಶಾಲೆಯ ಪ್ರತಿಭಾವಂತ. ಆಕ್ಸ್‌ಫರ್ಡ್‌ನ ವಿದ್ಯಾರ್ಥಿವೇತನ ಆತನಿಗಾಗಿ ಕಾದಿತ್ತು. ಅದೇ ವರ್ಷದ ಕೊನೆಯಲ್ಲಿ ಕಲ್ಕತ್ತಾದಲ್ಲಿ ಹುಟ್ಟಿದ ಇಂದ್ರಲಾಲ್ ರಾಯ್ ಎಂಬ ಹದಿಹರೆಯದ ಯುವಕನೂ ಇದೇ ಸ್ಕ್ವಾಡ್ರನ್‌ಗೆ ಬಂದ. ವಿದ್ವಾಂಸರ ಮಗ, ವಸಾಹತಿನ ಪ್ರಜೆ, ಸಾರ್ಜೆಂಟ್ ಮೇಜರ್‌ನ ಮಗ ಒಂದೇ ಸ್ಕ್ವಾಡ್ರನ್‌ನಲ್ಲಿ ಸೇವೆ ಸಲ್ಲಿಸಿದರು. ಶಾಂತಿಕಾಲದಲ್ಲಿ ಇಂಥವರು ಒಂದೇ ಪಂಕ್ತಿಯಲ್ಲಿ ಕುಳಿತು ಉಣ್ಣುವ ಸಂಭವವೇ ಇರಲಿಲ್ಲ.

ಮೆಕಡನ್‌ನ ವೈಶಿಷ್ಟ್ಯವಿದ್ದದ್ದು ಆತ ಕೆಲಸ ಮಾಡುತ್ತಿದ್ದ ರೀತಿಯಲ್ಲಿ. ಎಸ್.ಇ. 5ಎ ವಿಮಾನವನ್ನು ಆತ ಕೆಳಗಿನವರು ಸಿದ್ಧಗೊಳಿಸಿ ಕೊಡುವ ವಾಹನವೆಂದು ಭಾವಿಸಲಿಲ್ಲ. ಮಷಿನ್‌ಗನ್‌ಗಳನ್ನೂ ಗುರಿ ಹಿಡಿಯುವ ಸಾಧನವನ್ನೂ ಗಂಟೆಗಟ್ಟಲೆ ತಾನೇ ಪರೀಕ್ಷಿಸುತ್ತಿದ್ದ. ಜರ್ಮನರ ಎರಡು ಆಸನದ ರುಂಪ್ಲರ್ ವಿಮಾನಗಳು ಸುಮಾರು 20,000 ಅಡಿ ಎತ್ತರದಲ್ಲಿ ನಿಶ್ಚಿಂತೆಯಿಂದ ಛಾಯಾಚಿತ್ರ ತೆಗೆಯುತ್ತಿದ್ದವು. ಅಷ್ಟೆತ್ತರಕ್ಕೆ ಏರುವುದು ಬ್ರಿಟಿಷ್ ವಿಮಾನಗಳಿಗೆ ಕಷ್ಟವಾಗಿತ್ತು. ಮೆಕಡನ್ ತನ್ನ ಎಂಜಿನ್‌ಗೆ ಹೆಚ್ಚಿನ ಒತ್ತಡದ ಪಿಸ್ಟನ್‌ಗಳನ್ನು ಹಾಕಿಸಿಕೊಂಡು, ಆಮ್ಲಜನಕದ ನೆರವಿಲ್ಲದೆ, ಮೈ ಕೊರೆಯುವ ಚಳಿಯಲ್ಲಿ ಅಲ್ಲಿಗೇ ಏರಿ ಕಾಯತೊಡಗಿದ. ಇಳಿದ ಮೇಲೆ ತಲೆನೋವಿನಿಂದ ನರಳುತ್ತಿದ್ದ.

ಈ ಎರಡು ಆಸನದ ವಿಮಾನಗಳನ್ನೇ ಆತ ಬೆನ್ನಟ್ಟಿದ್ದರ ಹಿಂದೆ ಒಂದು ಲೆಕ್ಕಾಚಾರವಿತ್ತು. ಅಂಥ ವಿಮಾನ ತೆಗೆದ ಒಂದು ಚಿತ್ರ ಫಿರಂಗಿಗಳಿಗೆ ಗುರಿ ತೋರಿಸಿದರೆ, ಕಂದಕದಲ್ಲಿದ್ದ ನೂರಾರು ಕಾಲಾಳುಗಳು ಬಲಿಯಾಗುತ್ತಿದ್ದರು. ಹಿಂದಿನಿಂದ, ತುಸು ಕೆಳಗಿನಿಂದ, ಎದುರಾಳಿಯ ಕಣ್ಣಿಗೆ ಬೀಳದಂತೆ ಸಮೀಪಿಸಿ, ಹತ್ತಿರ ಬಂದ ಮೇಲಷ್ಟೇ ಗುಂಡು ಹಾರಿಸುವುದು ಆತನ ಪದ್ಧತಿ. ಪರಿಸ್ಥಿತಿ ಅನುಕೂಲಕರವಲ್ಲ ಎನಿಸಿದರೆ ಕಾಳಗದಿಂದ ಹಿಂದೆ ಸರಿಯಲು ಆತನಿಗೆ ಸಂಕೋಚವಿರಲಿಲ್ಲ. 1918ರ ಫೆಬ್ರುವರಿ 16ರಂದು ಆತ ಒಂದೂವರೆ ಗಂಟೆಯ ಅವಧಿಯಲ್ಲಿ ನಾಲ್ಕು ವಿಮಾನಗಳನ್ನು ಉರುಳಿಸಿದ್ದು ಇಂಥ ತಾಳ್ಮೆಯ ಫಲ.

ಆದರೆ ಆತನನ್ನು ಕೊಲ್ಲುವ ಯಂತ್ರವೆಂದು ಬಗೆದರೆ ತಪ್ಪಾದೀತು. 1917ರ ಸೆಪ್ಟೆಂಬರ್ 23ರಂದು ಜರ್ಮನಿಯ ವರ್ನರ್ ಫಾಸ್ ಒಂಟಿಯಾಗಿ 56ನೇ ಸ್ಕ್ವಾಡ್ರನ್‌ನ ಏಳು ವಿಮಾನಗಳೊಡನೆ ಸುಮಾರು ಹತ್ತು ನಿಮಿಷ ಸೆಣಸಿ, ರೈಸ್ ಡೇವಿಡ್ಸ್‌ನ ಗುಂಡಿಗೆ ಬಲಿಯಾದ. ಆ ಶತ್ರುವಿನ ಧೈರ್ಯವನ್ನು ಮೆಕಡನ್ ತನ್ನ ಆತ್ಮಕಥನದಲ್ಲಿ ಮನಸಾರೆ ಮೆಚ್ಚಿದ್ದಾನೆ. ತನ್ನ ಕೈಯಿಂದಲೇ ಹೊತ್ತಿಕೊಂಡು ಉರಿದ ಮೊದಲ ವಿಮಾನವನ್ನು ಕಂಡು ಕರುಳು ಕಿವುಚಿದಂತಾದದ್ದನ್ನೂ ಮುಚ್ಚಿಟ್ಟಿಲ್ಲ. ರೈಸ್ ಡೇವಿಡ್ಸ್ ಅಕ್ಟೋಬರ್ 27ರಂದು ಹಾರಿಹೋದವನು ಮರಳಲಿಲ್ಲ. ಆಗ ಆತನಿಗೆ 20 ವರ್ಷ.

1918ರ ಮಾರ್ಚ್‌ನಲ್ಲಿ ಮೆಕಡನ್‌ನನ್ನು ಇಂಗ್ಲೆಂಡಿಗೆ ಕರೆಸಿಕೊಳ್ಳಲಾಯಿತು. ಅದೇ ತಿಂಗಳ 18ರಂದು ಪೈಲಟ್ ಆಗಿದ್ದ ತಮ್ಮ ಆಂಥೋನಿ ಫ್ರಾನ್ಸ್‌ನಲ್ಲಿ ಹತನಾದ. ಎರಡು ವಾರದ ಬಳಿಕ, ಏಪ್ರಿಲ್ 2ರಂದು, ಅಣ್ಣನಿಗೆ ವಿಕ್ಟೋರಿಯಾ ಕ್ರಾಸ್ ಘೋಷಣೆಯಾಯಿತು. ಆ ಪದಕದ ಪ್ರಶಸ್ತಿಪತ್ರದಲ್ಲಿ ನಾನು ಮತ್ತೆ ಮತ್ತೆ ಓದಿದ ಅಂಶವೊಂದಿದೆ. ಉರುಳಿಸಿದ ವಿಮಾನಗಳ ಲೆಕ್ಕ ಕೊಟ್ಟ ಬಳಿಕ ಅದು, ಈ ನಾಯಕ ಕಾಳಗದಲ್ಲಿ ಹೊಸಬರನ್ನು ರಕ್ಷಿಸಿ ತನ್ನ ತುಕಡಿಯ ಸಾವುನೋವನ್ನು ಕನಿಷ್ಠ ಮಟ್ಟದಲ್ಲಿ ಇಟ್ಟ ಎಂದು ದಾಖಲಿಸುತ್ತದೆ. ಕೆಳಹಂತದಿಂದ ಬಂದವನಿಗೆ ಪ್ರತಿ ವಿಮಾನದ ಬೆಲೆಯೂ, ಅದರಲ್ಲಿ ಕೂರುವ ಹುಡುಗನ ಬೆಲೆಯೂ ತಿಳಿದಿತ್ತು.

ಇಷ್ಟಾದರೂ ಆ ಗೆರೆ ಅಳಿಸಿಹೋಗಲಿಲ್ಲ. ಆ ಬೇಸಿಗೆಯಲ್ಲಿ 85ನೇ ಸ್ಕ್ವಾಡ್ರನ್‌ನ ನಾಯಕತ್ವಕ್ಕೆ ಮೆಕಡನ್‌ನ ಹೆಸರು ಬಂದಾಗ ಅಲ್ಲಿನ ಪೈಲಟ್‌ಗಳು ಒಪ್ಪಲಿಲ್ಲವೆಂದೂ, ಆ ಸ್ಥಾನ ಮ್ಯಾನಕ್‌ಗೆ ಹೋಯಿತೆಂದೂ ಇತಿಹಾಸಕಾರರು ಬರೆಯುತ್ತಾರೆ. ಆತ ಒಂಟಿ ಬೇಟೆಗಾರನೆಂಬ ಅಭಿಪ್ರಾಯ ಅದಕ್ಕೆ ಕಾರಣವೆಂದು ಕೆಲವರು ಹೇಳಿದರೆ, ಕೆಳಶ್ರೇಣಿಯಿಂದ ಬಂದವನೆಂಬ ತಾತ್ಸಾರವೇ ಕಾರಣವೆಂದು ಇನ್ನು ಕೆಲವರು ಹೇಳುತ್ತಾರೆ. ತಾತ್ಸಾರ ಯಾವಾಗಲೂ ಇಂಥ ಇನ್ನೊಂದು ಗೌರವಾನ್ವಿತ ಕಾರಣದ ಜೊತೆಯಲ್ಲೇ ಬರುತ್ತದೆ ಎಂಬುದು ನನ್ನ ಅನುಭವ.

ಆ ಅನುಭವವನ್ನು ಇಲ್ಲಿ ಹೇಳಲೇಬೇಕು. ಹಲವು ವರ್ಷಗಳ ಹಿಂದೆ ನಾನು ಒಂದು ಇಲಾಖೆಯ ಬಡ್ತಿ ಸಮಿತಿಯಲ್ಲಿದ್ದೆ. ಗುಮಾಸ್ತರಾಗಿ ಸೇರಿ, ಒಂದೊಂದೇ ಮೆಟ್ಟಿಲು ಹತ್ತಿ ಬಂದಿದ್ದ ಹಿರಿಯರೊಬ್ಬರ ಕಡತ ನಮ್ಮ ಮುಂದೆ ಬಂತು. ಇಲಾಖೆಯ ನಿಯಮಗಳೂ ಲೆಕ್ಕಪತ್ರಗಳೂ ಅವರಿಗೆ ಕರತಲಾಮಲಕ. ನಾವೆಲ್ಲ ಸಂದೇಹ ಬಂದಾಗ ಕೇಳುತ್ತಿದ್ದುದು ಅವರನ್ನೇ. ಸಮಿತಿಯಲ್ಲಿ ಒಬ್ಬರು ಅವರಿಗೆ ನಾಯಕತ್ವದ ವರ್ಚಸ್ಸು ಸಾಲದು ಎಂದರು. ಇನ್ನೊಬ್ಬರು ತಲೆಯಾಡಿಸಿದರು. ನಾನು ಸುಮ್ಮನಿದ್ದು ಸಹಿ ಮಾಡಿದೆ.

1918ರ ಜುಲೈ 9ರಂದು, ಮೇಜರ್ ಆಗಿದ್ದ ಮೆಕಡನ್ 60ನೇ ಸ್ಕ್ವಾಡ್ರನ್‌ನ ನಾಯಕತ್ವ ವಹಿಸಲು ಹೊಸ ವಿಮಾನದಲ್ಲಿ ಇಂಗ್ಲೆಂಡಿನಿಂದ ಹೊರಟ. ಫ್ರಾನ್ಸ್‌ನ ಓಕ್ಸಿ-ಲ-ಶಾತೋ ನೆಲೆಯಲ್ಲಿಳಿದು ದಾರಿ ವಿಚಾರಿಸಿ ಮತ್ತೆ ಮೇಲೇರಿದ. ಕೆಲವೇ ಕ್ಷಣಗಳಲ್ಲಿ ಎಂಜಿನ್ ಕೈಕೊಟ್ಟು ವಿಮಾನ ಮರಗಳ ನಡುವೆ ಬಿತ್ತು. ಆ ಸಂಜೆಯೇ ಆತ ಕೊನೆಯುಸಿರೆಳೆದ. ಎಂಜಿನ್‌ಗಳ ಜೊತೆಯಲ್ಲೇ ಬೆಳೆದವನನ್ನು ಎಂಜಿನ್ನೇ ಬಲಿ ತೆಗೆದುಕೊಂಡಿತು. ಆತ್ಮಕಥನ ಅಚ್ಚಾದದ್ದು ಸಾವಿನ ನಂತರ. ಡಿಸೆಂಬರ್‌ನ ಅಪಘಾತದಲ್ಲಿ ಗಾಯಗೊಂಡಿದ್ದ ಇಂದ್ರಲಾಲ್ ರಾಯ್ ಚೇತರಿಸಿಕೊಂಡು 40ನೇ ಸ್ಕ್ವಾಡ್ರನ್ ಸೇರಿ, ಅದೇ ಜುಲೈನ ಎರಡು ವಾರದೊಳಗೆ ಹತ್ತು ವಿಜಯಗಳನ್ನು ಗಳಿಸಿ, 22ರಂದು 19ನೇ ವಯಸ್ಸಿಗೆ ಮಡಿದ. ನಾಲ್ಕು ದಿನಗಳ ನಂತರ ಮ್ಯಾನಕ್ ಕೂಡ ಸತ್ತ. ಮೆಕಡನ್‌ನ ಸಮಾಧಿ ಫ್ರಾನ್ಸ್‌ನ ವಾವಾನ್ ಹಳ್ಳಿಯ ಪುಟ್ಟ ಸೈನಿಕ ಸ್ಮಶಾನದಲ್ಲಿದೆ. ಆತನ ಪದಕಗಳು ಹುಟ್ಟೂರು ಗಿಲ್ಲಿಂಗ್‌ಹ್ಯಾಮ್‌ನ ರಾಯಲ್ ಎಂಜಿನಿಯರ್ಸ್ ಸಂಗ್ರಹಾಲಯ ಸೇರಿವೆ.

ಯುದ್ಧ ಬರದಿದ್ದರೆ ಮೆಕಡನ್ ಬಹುಶಃ ಒಳ್ಳೆಯ ಮೆಕ್ಯಾನಿಕ್ ಆಗಿಯೇ ನಿವೃತ್ತನಾಗುತ್ತಿದ್ದ. ಅವನೊಳಗಿನ ನಾಯಕನನ್ನು ಹೊರತರಲು ಒಂದು ಸಾಮ್ರಾಜ್ಯಕ್ಕೆ ಅಷ್ಟೊಂದು ಸಾವುಗಳು ಬೇಕಾದವು. ಶಾಂತಿಕಾಲದ ಆಡಳಿತಕ್ಕೆ ಅಂಥ ಒತ್ತಡವಿಲ್ಲ. ಅಲ್ಲಿ ಯೋಗ್ಯನನ್ನು ಕಡೆಗಣಿಸಿದರೆ ಯಾವ ವಿಮಾನವೂ ಉರುಳುವುದಿಲ್ಲ, ಯಾರೂ ಲೆಕ್ಕ ಕೇಳುವುದಿಲ್ಲ.

ನಮ್ಮ ಸಮಿತಿ ಕೈಬಿಟ್ಟ ಆ ಹಿರಿಯರು ಎರಡು ವರ್ಷಗಳ ಬಳಿಕ ಅದೇ ಹುದ್ದೆಯಿಂದ ನಿವೃತ್ತರಾದರು. ಬೀಳ್ಕೊಡುಗೆ ಸಮಾರಂಭದಲ್ಲಿ ಶಾಲು ಹೊದಿಸಿ, ಅವರ ಜ್ಞಾನವನ್ನೂ ನಿಷ್ಠೆಯನ್ನೂ ಕೊಂಡಾಡಿ ಮಾತನಾಡಿದವನು ನಾನೇ. ಆ ಮಾತುಗಳನ್ನು ನಾನು ಸಮಿತಿಯ ಸಭೆಯಲ್ಲಿ ಆಡಬೇಕಿತ್ತು.